ಎರಡು ಮಾತಿನ ಪಾತ್ರದವರ ಹೆಸರೂ ಬೇಕು

ಮಾನ್ಯ ಸಂಪಾದಕರೇ,

ಬೆಂಗಳೂರು ದೂರದರ್ಶನದ ಮೊದಲ ದಿನಗಳ ಬಗ್ಗೆ ಕಳೆದ ಭಾನುವಾರ ನೀವು ಹಾಕಿದ ಲೇಖನವನ್ನು ನನ್ನ ಸೋದರತ್ತೆಗೆ ಓದಿ ಹೇಳಿದೆ. ಅವರಿಗೀಗ 79 ವರ್ಷ. ಎಲ್ಲ ಕೇಳಿಸಿಕೊಂಡು, "ಸಣ್ಣ ಪಾತ್ರದವರದ್ದು ಒಬ್ಬರದ್ದೂ ಹೆಸರಿಲ್ವೇನೋ?" ಎಂದರು.

1981ರ ನವೆಂಬರ್ 1ರಂದು ಕೇಂದ್ರ ಶುರುವಾದಾಗ ಅತ್ತೆ ಟೆಲಿಫೋನ್ ಆಪರೇಟರ್. ಹವ್ಯಾಸಿ ತಂಡಗಳ ನಾಟಕದಲ್ಲಿ ಪಾರ್ಟು ಮಾಡುತ್ತಿದ್ದರು. ಬೆಳಗಿನ ಪಾಳಿ ಮುಗಿಸಿ, ಬಿಟಿಎಸ್ ಬಸ್ ಹತ್ತಿ ದೂರದರ್ಶನದ ಸ್ಟುಡಿಯೋಗೆ ಹೋಗುತ್ತಿದ್ದರು. ನರ್ಸ್, ಪಕ್ಕದ ಮನೆಯಾಕೆ, ಹೆಣ್ಣು ನೋಡಲು ಬಂದ ಗಂಡಿನ ಅಕ್ಕ. ಸುಮಾರು 10 ವರ್ಷ ಇಂಥವೇ ಪಾತ್ರಗಳು.

ಅದು ಸುಲಭದ ಕೆಲಸವಲ್ಲ. ಮೂರು ಕ್ಯಾಮೆರಾ ಒಟ್ಟಿಗೆ ಓಡುತ್ತಿದ್ದವು. ಎಡಿಟಿಂಗ್ ಆಗ ದೊಡ್ಡ ತಾಪತ್ರಯ. ಹಾಗಾಗಿ ಇಡೀ ದೃಶ್ಯವನ್ನು ಒಂದೇ ಸಲಕ್ಕೆ ತೆಗೆಯುತ್ತಿದ್ದರಂತೆ. ಕೊನೆಯಲ್ಲಿ ಕಾಫಿ ಲೋಟ ಹಿಡಿದು ಬಂದು ಎರಡು ಮಾತು ಹೇಳುವವರು ತಪ್ಪಿದರೆ ಎಲ್ಲರೂ ಮೊದಲಿಂದ ಶುರು ಮಾಡಬೇಕು. ಆ ಭಯ ನಾಯಕಿಗಿಂತ ತಮಗೇ ಜಾಸ್ತಿ ಇರುತ್ತಿತ್ತು ಎನ್ನುತ್ತಾರೆ ಅತ್ತೆ. ನಾಟಕದಲ್ಲಿ ಕೊನೆಯ ಸಾಲಿಗೂ ಕೇಳುವ ಹಾಗೆ ಮಾತಾಡಿ ಅಭ್ಯಾಸ. ಇಲ್ಲಿ ತಲೆಯ ಮೇಲೇ ಮೈಕು. ದನಿ ಇಳಿಸುವುದನ್ನು ಕಲಿಯಲು, ಮಲಗಿದ್ದ ನನ್ನ ತಮ್ಮನ ಪಕ್ಕ ಕೂತು, ಅವನಿಗೆ ಎಚ್ಚರವಾಗದ ಹಾಗೆ ಮಾತು ಒಪ್ಪಿಸುತ್ತಿದ್ದರು. ಅಚ್ಚ ಬಿಳಿ ಸೀರೆ ಉಡುವಂತಿರಲಿಲ್ಲ, ಕ್ಯಾಮೆರಾಗೆ ಕಣ್ಣು ಕುಕ್ಕುತ್ತಿತ್ತು. ಸಣ್ಣ ಚೌಕಳಿ ಇದ್ದರೆ ತೆರೆಯ ಮೇಲೆ ಅಲುಗಾಡಿದ ಹಾಗೆ ಕಾಣುತ್ತಿತ್ತು. ತಮ್ಮದೇ ಒಂದು ತಿಳಿನೀಲಿ ಸೀರೆಯನ್ನು ಅತ್ತೆ 6 ಪಾತ್ರಕ್ಕೆ ಉಟ್ಟಿದ್ದಾರೆ.

ಪ್ರಸಾರದ ದಿನ ಹನುಮಂತನಗರದ ನಮ್ಮ ಮನೆಯಲ್ಲಿ ಬೀದಿಯವರೆಲ್ಲ ಸೇರುತ್ತಿದ್ದರು. ಕೊನೆಗೆ ಹೆಸರುಗಳು ಬರುವಾಗ ನಾವು ಮಕ್ಕಳು ಟಿವಿಗೆ ಮೂಗು ತಾಗಿಸಿ ಕೂರುತ್ತಿದ್ದೆವು. ಕೆಲವು ಸಲ 'ಮತ್ತು ಇತರರು' ಅಂತ ಬಂದು ಮುಗಿಯುತ್ತಿತ್ತು. ಅತ್ತೆ ಸುಮ್ನೆ ಎದ್ದು ಅಡುಗೆಮನೆಗೆ ಹೋಗುತ್ತಿದ್ದರು. ಅದು ನನಗೆ ಇವತ್ತಿಗೂ ಮರೆತಿಲ್ಲ.

ಆಗ ವಿಡಿಯೋ ಟೇಪು ದುಬಾರಿ. ಹಳೆಯದನ್ನು ಅಳಿಸಿ ಅದರ ಮೇಲೇ ಹೊಸದನ್ನು ರೆಕಾರ್ಡ್ ಮಾಡುವುದು ಪ್ರಪಂಚದ ಎಷ್ಟೋ ಕಡೆ ನಡೆದಿದೆ. ಹಾಗಾಗಿ ಎಲ್ಲವೂ ಎಲ್ಲೋ ಭದ್ರವಾಗಿದೆ ಎಂದು ನಂಬಿ ಕೂರುವಂತಿಲ್ಲ, ಅಲ್ವಾ? ವಿಸಿಆರ್ ಇದ್ದ ಕಾಲದಲ್ಲಿ ರೆಕಾರ್ಡ್ ಮಾಡಿಟ್ಟ ಕ್ಯಾಸೆಟ್ ನಿಮ್ಮ ಓದುಗರ ಅಟ್ಟದ ಮೇಲಿದ್ದರೆ ದಯವಿಟ್ಟು ಎಸೆಯಬೇಡಿ. ಬೂಷ್ಟು ಹಿಡಿಯುವ ಮೊದಲು ಕಂಪ್ಯೂಟರ್‌ಗೆ ಹಾಕಿಸಿ.

ನಿಮ್ಮಲ್ಲೂ ಒಂದು ಕೋರಿಕೆ. ಭಾನುವಾರದ ಪುರವಣಿಯಲ್ಲಿ ಹಳೆಯ ಟಿವಿ ನಾಟಕದ ಒಂದು ಫೋಟೋ ಹಾಕಿ, ಇದರಲ್ಲಿರುವವರು ಯಾರು ಎಂದು ಓದುಗರನ್ನು ಕೇಳಿ. ಅತ್ತೆಗೆ ಸಣ್ಣ ಅಕ್ಷರ ಕಾಣುವುದಿಲ್ಲ. ಆದರೆ ಮುಖ ನೋಡಿದರೆ ಹೆಸರು, ಬಡಾವಣೆ, ಯಾವ ತಂಡದವರು, ಎಲ್ಲ ಹೇಳುತ್ತಾರೆ. ಅಂಥವರು ನಮ್ಮ ನಡುವೆ ಇರುವಾಗಲೇ ಇದು ಆಗಬೇಕು. ಅವರ ಹತ್ತಿರ 4 ಫೋಟೋ ಇವೆ. ಒಂದರಲ್ಲಿ ಆ ತಿಳಿನೀಲಿ ಸೀರೆಯೂ ಇದೆ. ನೀವು ಹೂಂ ಎಂದರೆ ನಾನೇ ತಂದು ಕೊಡುತ್ತೇನೆ.

ಇಂತಿ,
ನಿಮ್ಮ ಓದುಗ
ಹನುಮಂತನಗರ, ಬೆಂಗಳೂರು