ಬಾಕಿ ವೇತನಕ್ಕೆ ನ್ಯಾಯಾಂಗ ನಿಂದನೆ ಅರ್ಜಿಯೇ ಬೇಕೆ?

ಮಾನ್ಯ ಸಂಪಾದಕರೆ,

ದಿನಗೂಲಿ ನೌಕರರ ಬಾಕಿ ವೇತನ ಪಾವತಿಸುವಂತೆ ಹೈಕೋರ್ಟ್ ಆದೇಶಿಸಿದ ಬಳಿಕವೂ ಕಡತವನ್ನು ಆರ್ಥಿಕ ಇಲಾಖೆಗೆ ಕಳುಹಿಸಿ, ಅಲ್ಲಿಂದ ವಾಪಸು ತರಿಸಿಕೊಂಡು ಕಾಲ ತಳ್ಳುವ ಅಧಿಕಾರಿಗಳು, ನ್ಯಾಯಾಂಗ ನಿಂದನೆ ಅರ್ಜಿಯಲ್ಲಿ ಖುದ್ದು ಹಾಜರಾಗಲು ಸೂಚನೆ ಬಂದ ಮೇಲಷ್ಟೇ ಹಣ ಬಿಡುಗಡೆ ಮಾಡುವುದು ಖಂಡನೀಯ. 1971ರ ನ್ಯಾಯಾಂಗ ನಿಂದನೆ ಕಾಯ್ದೆಯಡಿ ಆರು ತಿಂಗಳವರೆಗೆ ಸಾದಾ ಸೆರೆವಾಸ, 2,000 ರೂಪಾಯಿವರೆಗೆ ದಂಡ ವಿಧಿಸಲು ಅವಕಾಶವಿದ್ದರೂ, ಕ್ಷಮೆ ಕೋರಿದರೆ ಪ್ರಕರಣ ಸಾಮಾನ್ಯವಾಗಿ ಅಲ್ಲಿಗೇ ಮುಗಿಯುತ್ತದೆ. ಉಲ್ಲಂಘನೆಯಾದ ಒಂದು ವರ್ಷದೊಳಗೆ ಕ್ರಮ ಆರಂಭವಾಗಬೇಕೆಂಬ ನಿಯಮ ತಿಳಿಯದ ಬಡ ನೌಕರನಿಗಂತೂ ಆ ದಾರಿಯೂ ಮುಚ್ಚಿಹೋಗುತ್ತದೆ. ಅವನು ವಕೀಲರ ಶುಲ್ಕಕ್ಕೆ ಸಾಲ ಮಾಡಬೇಕು; ಇಲಾಖೆಯ ವಾದದ ಖರ್ಚು ಮಾತ್ರ ಬೊಕ್ಕಸದ್ದು. ಇದು ಅನ್ಯಾಯ. ವಿಳಂಬಕ್ಕೆ ಕಾರಣರಾದ ಅಧಿಕಾರಿಗಳ ಸಂಬಳದಿಂದಲೇ ಬಾಕಿ ಮೊತ್ತದ ಬಡ್ಡಿಯನ್ನು ವಸೂಲಿ ಮಾಡುವಂತೆ ಸರ್ಕಾರ ಕೂಡಲೇ ಆದೇಶ ಹೊರಡಿಸಬೇಕು.

– ಓದುಗ, ಧಾರವಾಡ