ರದ್ದಿ ಎಂದು ತೀರ್ಮಾನಿಸಲು ಇವರು ಯಾರು?

ಮಾನ್ಯರೇ,

ಗ್ರಂಥಾಲಯದ ಸ್ವಚ್ಛತಾ ಅಭಿಯಾನದ ವರದಿ ಮೊನ್ನೆ ತಮ್ಮ ಪತ್ರಿಕೆಯಲ್ಲಿ ಓದಿದೆ. ಕಸಬರಿಗೆ ಹಿಡಿದು ನಿಂತವರ ಫೋಟೊ ದೊಡ್ಡದಾಗಿಯೇ ಬಂದಿದೆ. ‘ನಿರುಪಯುಕ್ತ ಕಾಗದಪತ್ರ ವಿಲೇವಾರಿ’ ಎಂದು ಒಂದೇ ಸಾಲಿನಲ್ಲಿ ಮುಗಿಸಿದ್ದೀರಿ. ಆ ಕಾಗದಪತ್ರಗಳಲ್ಲಿ ನಮ್ಮಜ್ಜಿಯ ಪತ್ರಗಳ ಟ್ರಂಕೂ ಇತ್ತು.

ಎರಡು ವರ್ಷದ ಹಿಂದೆ ನಾನೇ ರಿಕ್ಷಾ ಮಾಡಿಕೊಂಡು ಹೋಗಿ ಕೊಟ್ಟು ಬಂದಿದ್ದೆ. ‘ಕಪಾಟಿನ್ಯಾಗ ಜ್ವಾಪಾನ ಇಡತೀವ್ರಿ ಟೀಚರ್’ ಅಂದಿದ್ದರು. ರಸೀದಿ ಕೇಳಿದ್ದಕ್ಕೆ ಬುಕ್ಕು ಮುಗಿದಿದೆ ಎಂದರು. ವರದಿ ಓದಿದ ದಿನವೇ ಓಡಿದೆ. ಎರಡನೇ ರೇಲ್ವೆ ಗೇಟ್ ಹಾಕಿತ್ತು, ಮಳೆ ಬೇರೆ, ನನಗೋ ಮೊಣಕಾಲು ನೋವು. ಹೋಗಿ ಮುಟ್ಟಿದರೆ ಸಾಹೇಬರು ಮೀಟಿಂಗಿಗೆ ಹೋಗಿದ್ದರು. ಮರುದಿನವೂ ಅದೇ ಮೀಟಿಂಗ್. ಮೂರನೇ ದಿನ ಸಿಪಾಯಿಯೊಬ್ಬ, ಪಾಪ, ಶಹಾಪುರದ ರದ್ದಿ ಅಂಗಡಿಯ ಗುರುತು ಹೇಳಿದ. ಗೋಣಿಚೀಲ ಸುರುವಿ ಹುಡುಕಿದಾಗ ಸಿಕ್ಕಿದ್ದು ಹನ್ನೊಂದು ಪತ್ರ. ಇದ್ದದ್ದು ಇನ್ನೂರರ ಮೇಲೆ. ಅಂಗಡಿಯಾತ ದುಡ್ಡು ಬೇಡವೆಂದು ಕೈಮುಗಿದ. ಅವನಿಗಿರುವ ತಿಳಿವಳಿಕೆ ಕುರ್ಚಿ ಮೇಲೆ ಕೂತವರಿಗಿಲ್ಲ.

ಅವು ಅಜ್ಜಿ ಬಾಗಲಕೋಟೆಯ ತನ್ನ ತಂಗಿಗೆ ಬರೆದ ಪತ್ರಗಳು. ಆಲಮಟ್ಟಿ ಹಿನ್ನೀರಿಗೆ ಆ ಮನೆ ಹೋಗಿ ನವನಗರಕ್ಕೆ ಸಾಮಾನು ಸಾಗಿಸುವ ಗದ್ದಲದಲ್ಲೂ ಅವರ ಸೊಸೆ ಟ್ರಂಕು ಕಾಯ್ದು ನಮಗೆ ಮುಟ್ಟಿಸಿದ್ದರು. ಸಿಕ್ಕವುಗಳಲ್ಲಿ 1956ರ ನವೆಂಬರಿನ ಒಂದು ಕಾರ್ಡಿದೆ: ‘ಇನ್ನ ಮ್ಯಾಲೆ ನಾವೂ ನೀವೂ ಮುಂಬೈ ಸರಕಾರದವರಲ್ಲಂತ, ಮೈಸೂರಿನವರಂತ.’ ಇನ್ನೊಂದು ಮರುವರ್ಷದ್ದು, ಆಣೆ ಹೋಗಿ ನವಾ ಪೈಸೆ ಬಂದಾಗಿನದು. ಆಣೆಗೆ ಆರೂಕಾಲು ಪೈಸೆ. ಹಾಲಿನಾಕೆ ಏಳು ಕೊಡು ಅನ್ನುತ್ತಾಳೆ, ಅಜ್ಜಿ ಆರೇ ಅನ್ನುತ್ತಾಳೆ. ಕಾರ್ಡಿನ ಅಂಚಿನಲ್ಲಿ ಸೀಸಕಡ್ಡಿಯಿಂದ ಕೂಡಿಸಿ ಕಳೆದ ಲೆಕ್ಕ, ಮೂಲೆಯಲ್ಲಿ ಅರಿಸಿನದ ಬೆರಳಚ್ಚು. ನಾಣ್ಯ ಬದಲಾದ ತಾರೀಖು ಸರಕಾರಿ ಪುಸ್ತಕದಲ್ಲಿ ಸಿಗುತ್ತದೆ, ಬಾಗಿಲಲ್ಲಿ ನಡೆದ ಈ ಜಗಳ ಎಲ್ಲಿ ಸಿಗುತ್ತದೆ?

1924ರ ಬೆಳಗಾವಿ ಕಾಂಗ್ರೆಸ್ ಅಧಿವೇಶನದ ಶತಮಾನೋತ್ಸವಕ್ಕೆ ಊರೆಲ್ಲ ದೀಪ ಹಾಕಿದರು. ಗಾಂಧೀಜಿ ಅಧ್ಯಕ್ಷರಾಗಿದ್ದದ್ದು ಶಾಲೆಯ ಮಕ್ಕಳಿಗೂ ಗೊತ್ತು. ಅಲ್ಲಿ ಹಾಡಿದ ಹನ್ನೊಂದು ವರ್ಷದ ಗಂಗೂಬಾಯಿ ಹಾನಗಲ್‌ರಿಗೆ, ತನ್ನ ಜಾತಿಗಾಗಿ ಉಂಡ ಜಾಗ ನೀನೇ ಬಳಿದು ಸ್ವಚ್ಛ ಮಾಡು ಎನ್ನುತ್ತಾರೇನೋ ಎಂಬ ಅಂಜಿಕೆಯಿತ್ತು. ಅವರೇ ನೆನೆದು ಹೇಳದಿದ್ದರೆ ಯಾವ ವರದಿಯಿಂದ ತಿಳಿಯಬೇಕಿತ್ತು? ಬಾದಾಮಿ ಬಳಿಯ ಮಹಾಕೂಟದಲ್ಲಿ ವಿನಾಪೋಟಿ ಎಂಬಾಕೆ ತನ್ನ ದಾನಶಾಸನದಲ್ಲಿ ತಾಯಿ ಕುಚಿಪೋಟಿ, ಅಜ್ಜಿ ರೇವಮಂಚಿಯ ಹೆಸರನ್ನೂ ಕೆತ್ತಿಸಿದಳು. ಚಾಲುಕ್ಯರ ಕಾಲದ ಆ ಮೂರು ತಲೆಮಾರಿನ ಹೆಣ್ಣುಮಕ್ಕಳು ಇವತ್ತಿಗೂ ಉಳಿದಿದ್ದಾರೆ. ಕಲ್ಲಾಗಿದ್ದಕ್ಕೆ ಉಳಿದರು, ಕಾಗದವಾಗಿದ್ದರೆ ಇವರು ತಕ್ಕಡಿಗೆ ಹಾಕುತ್ತಿದ್ದರು. ವಿಜಯಪುರದಲ್ಲಿ 2003ರಿಂದ ಮಹಿಳಾ ವಿಶ್ವವಿದ್ಯಾಲಯವಿದೆ. ಅಲ್ಲಿ ಓದುವ ಹುಡುಗಿಯರು ನಾಳೆ ಅಜ್ಜಿಯರ ಕಾಲದ ಬಗ್ಗೆ ಬರೆಯಹೊರಟರೆ ರದ್ದಿ ಅಂಗಡಿಗೆ ಹೋಗಬೇಕೇ?

ಇದು ಇವತ್ತಿನದಲ್ಲ. ನಮ್ಮವ್ವನ ಮರಣ ದಾಖಲೆಯಲ್ಲಿ ಹೆಸರು ತಪ್ಪು ಬರೆದವರೂ ಇಂಥವರೇ, ತಿದ್ದಿಸಲು ಅಫಿಡವಿಟ್ ತಾ ಎಂದವರೂ ಇಂಥವರೇ. ನನ್ನ ನಿವೃತ್ತಿಯ ಬಾಕಿಗೆ ಹದಿನಾಲ್ಕು ತಿಂಗಳು ತಿರುಗಿಸಿದರು. ನಮ್ಮ ಓಣಿಯ ಕಂಬದ ದೀಪ ಗಣಪತಿ ಹಬ್ಬದಿಂದ ಹತ್ತಿಲ್ಲ, ನಳದ ನೀರಿಗೆ ಎಂಟು ದಿನ ಕಾಯಬೇಕು. ಕೇಳಹೋದರೆ ಅರ್ಜಿ ಕೊಡಿ ಅನ್ನುತ್ತಾರೆ. ಕೊಟ್ಟ ಅರ್ಜಿಗಳೂ ಅದೇ ಗೋಣಿಚೀಲ ಸೇರಿರಬೇಕು.

ಸಂಬಂಧಪಟ್ಟವರ ಮೇಲೆ ಕ್ರಮ ಆಗಬೇಕು. ಕ್ರಮ ಆಗದಿದ್ದರೆ ಕ್ಷಮೆಯನ್ನಾದರೂ ಕೇಳಬೇಕು. ಹೆಣ್ಣುಮಕ್ಕಳ ಪತ್ರ, ದಿನಚರಿ, ಲೆಕ್ಕದ ವಹಿ ಇಡಲು ಊರಿನಲ್ಲಿ ಒಂದು ಕಪಾಟು ಬೇಕು, ಅದಕ್ಕೆ ಕೀಲಿ ಬೇಕು, ಕೊಟ್ಟವರಿಗೆ ರಸೀದಿ ಬೇಕು. ತೂಕ ಹಾಕಲು ಪುರಸತ್ತು ಸಿಕ್ಕಿತು, ಬಿಚ್ಚಿ ಒಂದು ಪತ್ರ ಓದಲು ಸಿಗಲಿಲ್ಲವೇ? ಉಳಿದವು ಎಲ್ಲಿವೆ ಹೇಳಿ. ಅದೂ ಆಗದಿದ್ದರೆ ರದ್ದಿಯ ದುಡ್ಡು ಯಾರ ಕಿಸೆಗೆ ಹೋಯಿತು, ಅದನ್ನಾದರೂ ಹೇಳಿ.

– ನೊಂದ ನಿವೃತ್ತ ಶಿಕ್ಷಕಿ, ಟಿಳಕವಾಡಿ, ಬೆಳಗಾವಿ