ಚರ್ಚಿನಲ್ಲೂ ಮುಖ ನೋಡಿ ಜಾಗವೇ?

ಸಂಪಾದಕರೇ,

ಮೂಡಿಗೆರೆ, ಸಕಲೇಶಪುರ, ಬಾಳೆಹೊನ್ನೂರು ಕಡೆ ಈಗ ಅರೇಬಿಕಾ ಕಾಫಿ ಕೊಯ್ಲು. ಊರಿನ ಆಳುಗಳು ಸಾಕಾಗುವುದಿಲ್ಲ. ತೋಟಗಳಲ್ಲಿ ಅಸ್ಸಾಂ, ಜಾರ್ಖಂಡ್ ಕಡೆಯಿಂದ ಬಂದವರು ಬಹಳ ಜನ ಇದ್ದಾರೆ. ಅವರಲ್ಲಿ ಮುಸ್ಲಿಮರಿದ್ದಾರೆ, ಹಿಂದೂಗಳಿದ್ದಾರೆ, ಕ್ರೈಸ್ತರೂ ಇದ್ದಾರೆ. ಆ ಕ್ರೈಸ್ತರನ್ನು ಇಲ್ಲಿನ ಹಳೇ ಕ್ರೈಸ್ತರಾದ ನಾವು ನಡೆಸಿಕೊಳ್ಳುತ್ತಿರುವ ರೀತಿ ನೋಡಿ ಮನಸ್ಸು ತಡೆಯಲಾರದೆ ಈ ಪತ್ರ ಬರೆಯುತ್ತಿದ್ದೇನೆ.

ನಾನು ಮೂಡಿಗೆರೆ ತಾಲ್ಲೂಕಿನ ಒಂದು ಎಸ್ಟೇಟಿನಲ್ಲಿ ರೈಟರ್, ಅಂದರೆ ಲೆಕ್ಕ ಬರೆಯುವ ಗುಮಾಸ್ತ, ಆಗಿದ್ದವನು. ಆಳುಗಳ ಹಾಜರಿ ಪುಸ್ತಕವಾದ ಚೆಕ್‌ರೋಲ್ ಬರೆಯುವಾಗ ಎಕ್ಕಾ, ತಿರ್ಕಿ, ಕುಜೂರ್, ಲಕ್ರಾ, ಮಿಂಜ್ ಎಂಬ ಹೆಸರುಗಳನ್ನು ಆಧಾರ್ ಕಾರ್ಡು ನೋಡಿ ಬರೆದುಕೊಳ್ಳುತ್ತಿದ್ದೆ. ಇವು ಉರಾಂವ್ ಆದಿವಾಸಿಗಳ ಮನೆತನದ ಹೆಸರುಗಳು. ಈಗಿನ ಜಾರ್ಖಂಡ್ ಕಡೆಯ ಛೋಟಾನಾಗ್ಪುರದಲ್ಲಿದ್ದ ಇವರ ಹಿರಿಯರನ್ನು ಬ್ರಿಟಿಷರ ಕಾಲದಲ್ಲಿ ಅಸ್ಸಾಮಿನ ಚಹಾ ತೋಟಗಳಿಗೆ ಸಾಗಿಸಿದರು. ಅಲ್ಲೂ ಕೂಲಿಗಳ ಸಾಲುಮನೆಯಾದ ಲೈನ್ ಮನೆ, ಇಲ್ಲೂ ಲೈನ್ ಮನೆ. ಇವರ ಕುಡುಖ್ ಭಾಷೆ ನಮ್ಮ ಕನ್ನಡ, ತುಳುವಿನ ಹಾಗೆ ದ್ರಾವಿಡ ಭಾಷೆ. ಅದು ತಿಳಿದ ದಿನ ನನಗೆ ಎಷ್ಟು ಖುಷಿಯಾಯಿತೆಂದು ಹೇಳಲಾರೆ.

ಇವರ ವಿಶ್ವಾಸವೂ ನಿನ್ನೆ ಮೊನ್ನೆಯದಲ್ಲ. 1885ರಲ್ಲಿ ಛೋಟಾನಾಗ್ಪುರಕ್ಕೆ ಹೋದ ಬೆಲ್ಜಿಯಂನ ಜೆಸ್ವಿಟ್ ಗುರು ಕಾನ್‌ಸ್ಟಂಟ್ ಲೀವನ್ಸ್, ಜಮೀನ್ದಾರರ ವಿರುದ್ಧದ ಭೂಮಿ ವ್ಯಾಜ್ಯಗಳಲ್ಲಿ ಆದಿವಾಸಿಗಳ ಬೆನ್ನಿಗೆ ನಿಂತರು. ಇದೇ ಉರಾಂವ್ ಜನರಲ್ಲಿ ಹುಟ್ಟಿದ ರಾಂಚಿಯ ಟೆಲೆಸ್ಫೋರ್ ಟೊಪ್ಪೊ 2003ರಲ್ಲಿ ಕಾರ್ಡಿನಲ್ ಆದರು. ಏಷ್ಯಾದ ಆದಿವಾಸಿಗಳಲ್ಲಿ ಅವರೇ ಮೊದಲಿಗರು. ಅಂಥವರ ಜನ ನಮ್ಮ ಚರ್ಚಿಗೆ ಬಂದರೆ 'ಇವರು ನಿಜವಾಗಿ ಕ್ರೈಸ್ತರಾ, ಬಾಂಗ್ಲಾದವರಾ' ಎಂದು ನಮ್ಮವರೇ ಪಿಸುಗುಡುತ್ತಾರೆ.

ಚರ್ಚಿನ ಹೆಸರು ಹೇಳುವುದು ಬೇಡ. ಭಾನುವಾರ ಅವರು ತೋಟದಿಂದ ನಡೆದು ಬರುತ್ತಾರೆ. ಕೊನೆಯ ಬೆಂಚುಗಳಲ್ಲಿ ಜಾಗ ಇದ್ದರೆ ಕೂರುತ್ತಾರೆ, ಇಲ್ಲದಿದ್ದರೆ ಜಗುಲಿಯಲ್ಲಿ ನಿಲ್ಲುತ್ತಾರೆ. ಮಗು ಎತ್ತಿಕೊಂಡ ಒಬ್ಬ ಹೆಂಗಸು ಮಧ್ಯದ ಬೆಂಚಿನಲ್ಲಿ ಕೂತಾಗ ಅಲ್ಲಿದ್ದ ಕುಟುಂಬ ಎದ್ದು ಮುಂದಕ್ಕೆ ಹೋಯಿತು. ಬಲಿಪೂಜೆಯಲ್ಲಿ ಒಬ್ಬರಿಗೊಬ್ಬರು ಶಾಂತಿ ಕೋರುವ ಹೊತ್ತಿದೆಯಲ್ಲ, ಆಗ ಅಕ್ಕಪಕ್ಕದವರಿಗೆ ಕೈ ಮುಗಿಯುತ್ತೇವೆ. ಹಿಂದಕ್ಕೆ ತಿರುಗುವುದಿಲ್ಲ. ಧರ್ಮೋಪದೇಶದ ತರಗತಿಯ ಮಕ್ಕಳು ಅವರ ಮಕ್ಕಳನ್ನು 'ಕರಿಯ' ಎನ್ನುತ್ತವೆ. ಅಸ್ಸಾಮಿನ ಬೋಡೊ ಬುಡಕಟ್ಟಿನ ಮಕ್ಕಳಾದರೆ 'ಚೀನಾ'. ಮಕ್ಕಳು ಇದನ್ನು ಮನೆಯಲ್ಲಿ ಕೇಳಿಯೇ ಕಲಿತದ್ದು, ಅಲ್ವಾ?

ಈಚೆಗೆ ಒಂದು ಸಲಹೆ ಕೇಳಿಬಂತು. ಅವರಿಗೆ ಮಧ್ಯಾಹ್ನ ಬೇರೆ ಪೂಜೆ ಇಟ್ಟರೆ ಎಲ್ಲರಿಗೂ ಅನುಕೂಲ ಅಂತೆ. ಅವರ ಭಾಷೆಯಲ್ಲಿ ಪೂಜೆ ಮಾಡುವ ಗುರುಗಳು ಬಂದರೆ ನನಗೂ ಸಂತೋಷ. ಆದರೆ ಇದನ್ನು ಕೇಳಿದವರು ಅವರಲ್ಲ. ಅವರ ಪಕ್ಕ ಕೂರಲು ಇಷ್ಟವಿಲ್ಲದ ನಾವು.

ದಕ್ಷಿಣ ಆಫ್ರಿಕಾದಲ್ಲಿ ಆದದ್ದನ್ನು ಇಲ್ಲಿ ನೆನಪಿಸಬೇಕು. ಅಲ್ಲಿನ ಡಚ್ ರಿಫಾರ್ಮ್ಡ್ ಸಭೆ (ಪ್ರೊಟೆಸ್ಟೆಂಟ್ ಚರ್ಚು) 1857ರಲ್ಲಿ ಒಂದು ತೀರ್ಮಾನ ಮಾಡಿತು. ಎಲ್ಲರೂ ಒಟ್ಟಿಗೆ ಆರಾಧಿಸುವುದೇ ಸರಿ, ಆದರೆ 'ಕೆಲವರ ದೌರ್ಬಲ್ಯ'ದಿಂದಾಗಿ ಬಿಳಿಯರಲ್ಲದವರಿಗೆ ಬೇರೆ ಆರಾಧನೆ ಇಡಬಹುದು ಎಂದಿತು. ದೌರ್ಬಲ್ಯ ಬಿಳಿಯರದು, ಹೊರಗೆ ಹೋಗಬೇಕಾದವರು ಮಾತ್ರ ಉಳಿದವರು. 1881ರಲ್ಲಿ ಮಿಶ್ರವರ್ಣದವರಿಗೆ ಸಭೆಯೇ ಬೇರೆಯಾಯಿತು. 1948ರಲ್ಲಿ ವರ್ಣಭೇದ ಸರ್ಕಾರದ ನೀತಿಯಾದಾಗ ಬಿಳಿಯರ ಸಭೆ ಅದನ್ನು ಬೈಬಲ್ ಹಿಡಿದು ಸಮರ್ಥಿಸಿತು. 1982ರಲ್ಲಿ, ಹೊರಗಿಟ್ಟ ಆ ಮಿಶ್ರವರ್ಣದವರ ಸಭೆಯವರೇ ಕೇಪ್‌ಟೌನ್ ಹತ್ತಿರದ ಬೆಲ್ಹಾರ್‌ನಲ್ಲಿ ಸೇರಿ, ಜನಾಂಗದ ಹೆಸರಲ್ಲಿ ಸಭೆಯನ್ನು ಒಡೆಯುವುದು ಸುವಾರ್ತೆಗೆ ವಿರುದ್ಧ ಎಂದು ಸಾರಿದರು. ಎಲ್ಲಿ ಶುರುವಾಗಿ ಎಲ್ಲಿಗೆ ಮುಟ್ಟಿತು ನೋಡಿ.

ನಮ್ಮಲ್ಲಿ ಜಾತಿಯ ಬೇರೂ ಇದೆ. 2016ರಲ್ಲಿ ಭಾರತದ ಕಥೋಲಿಕ ಧರ್ಮಾಧ್ಯಕ್ಷರ ಮಂಡಳಿ ದಲಿತರ ಸಬಲೀಕರಣದ ನೀತಿ ಹೊರಡಿಸಿ, ಸಭೆಯೊಳಗೇ ಜಾತಿ ತಾರತಮ್ಯ ಇದೆ ಎಂದು ಒಪ್ಪಿಕೊಂಡಿತು. ಜಾತಿ ನೋಡಿ ಅಭ್ಯಾಸವಾದ ಕಣ್ಣು ಈಗ ಮೈಬಣ್ಣ, ಮೂಗು ನೋಡುತ್ತಿದೆ. ನನ್ನಜ್ಜ ಘಟ್ಟದ ಕೆಳಗಿನಿಂದ ಕೂಲಿಗೆ ಬಂದವರು. ತೋಟದ ದೊರೆಯ ಬಂಗಲೆ ಎದುರು ಹಾದುಹೋಗುವಾಗ ಚಪ್ಪಲಿ ಕೈಯಲ್ಲಿ ಹಿಡಿಯಬೇಕಿತ್ತಂತೆ. ಅಂಥ ಎಷ್ಟೋ ಮನೆಗಳ ಮೊಮ್ಮಕ್ಕಳೇ ಇವತ್ತು ಮುಂದಿನ ಬೆಂಚಿನಲ್ಲಿದ್ದಾರೆ.

ಬೈಬಲಿನ ಪ್ರೇಷಿತರ ಕಾರ್ಯಕಲಾಪಗಳ ಆರನೇ ಅಧ್ಯಾಯ ಓದಿ. ಜೆರುಸಲೇಮಿನಲ್ಲಿ ಗ್ರೀಕ್ ಮಾತಾಡುವ ವಿಧವೆಯರಿಗೆ ದಿನದ ಊಟ ಹಂಚುವುದರಲ್ಲಿ ಅನ್ಯಾಯವಾಗುತ್ತಿತ್ತು. ಪ್ರೇಷಿತರು ಅವರಿಗೆ ಬೇರೆ ಪಂಕ್ತಿ ಹಾಕಲಿಲ್ಲ. ಏಳು ಜನರನ್ನು ಆರಿಸಲು ಸಭೆಯವರಿಗೆ ಹೇಳಿ, ಆರಿಸಿದವರಿಗೆ ಹಂಚುವ ಕೆಲಸವನ್ನೇ ವಹಿಸಿದರು. ಸ್ತೇಫನ, ಫಿಲಿಪ್ಪ, ನಿಕಾನೋರ ಎಂದು ಆ ಏಳೂ ಗ್ರೀಕ್ ಹೆಸರುಗಳೇ. ದೂರು ಕೊಟ್ಟವರ ಕಡೆಯವರ ಕೈಗೇ ಅಧಿಕಾರ ಹೋಯಿತು. ನಾನು ಕೇಳುವುದೂ ಇದನ್ನೇ. ಸುಮ್ನೆ ಕ್ರಿಸ್‌ಮಸ್ ದಿನ ಕೇಕ್ ಹಂಚಿ, ಹಳೇ ಸ್ವೆಟರ್ ಕೊಟ್ಟರೆ ಸಾಲದು. ಚರ್ಚಿನ ಪಾಲನಾ ಸಮಿತಿಯಲ್ಲಿ ಲೈನ್ ಮನೆಗಳ ಇಬ್ಬರು ಇರಲಿ, ಒಬ್ಬರಾದರೂ ಹೆಂಗಸಾಗಿರಲಿ. ಕ್ರಿಸ್‌ಮಸ್ ರಾತ್ರಿಯ ಒಂದು ವಾಚನ ಅವರು ಮಾತಾಡುವ ಸಾದ್ರಿ ಭಾಷೆಯಲ್ಲೋ ಕುಡುಖ್‌ನಲ್ಲೋ ಆಗಲಿ, ಅದೇ ಪೂಜೆಯಲ್ಲಿ, ನಮ್ಮೆಲ್ಲರ ಎದುರಿಗೆ. ಕ್ಯಾರಲ್ ತಂಡ ಬಂಗಲೆಗಳಿಗೆ ಹೋದ ಹಾಗೆ ಲೈನ್ ಮನೆಗಳಿಗೂ ಹೋಗಲಿ. ಮಕ್ಕಳನ್ನು ಬಣ್ಣ ಹಿಡಿದು ಕರೆದರೆ ಧರ್ಮೋಪದೇಶದ ಶಿಕ್ಷಕರು ಆಗಲೇ ತಡೆದು, ಮನೆಯವರನ್ನು ಕರೆದು ಮಾತಾಡಲಿ.

ರೋಬಸ್ಟಾ ಕಾಫಿಯ ಕೊಯ್ಲು ಮುಗಿಯುವುದು ಮಾರ್ಚ್ ಹೊತ್ತಿಗೆ. ಆಮೇಲೆ ಇವರಲ್ಲಿ ಬಹಳ ಜನ ಊರಿಗೆ ರೈಲು ಹತ್ತುತ್ತಾರೆ. ಆದ್ದರಿಂದ ಚಿಕ್ಕಮಗಳೂರು ಧರ್ಮಪ್ರಾಂತ್ಯದ ಗುರುಗಳು ಈ ವಿಷಯವನ್ನು ಈ ತಿಂಗಳ ಸಮಿತಿ ಸಭೆಯಲ್ಲೇ ಎತ್ತಿಕೊಳ್ಳಬೇಕು. ಆ ಸಭೆಗೆ ಅವರನ್ನೂ ಕರೆಯಬೇಕು.

– ಒಬ್ಬ ನಿವೃತ್ತ ಎಸ್ಟೇಟ್ ರೈಟರ್, ಮೂಡಿಗೆರೆ ತಾಲ್ಲೂಕು